ಟಿಕೆಟ್ ಕಿಟಕಿಯ ಹಿಂದೆ

ಅಕ್ಟೋಬರ್ 2, 1984. ಮಂಗಳವಾರ, ಬೆಳಿಗ್ಗೆ 7

ಮೊಣಕಾಲು ಮತ್ತೆ ಶುರು. ಎರಡನೇ ಲೋಟ ಕಾಫಿ. ನಿನ್ನೆ ರಿಹರ್ಸಲ್‌ನಲ್ಲಿ ಹೀಟರ್ ಕೈಕೊಟ್ಟಿತು. ಎಲ್ಲರೂ ಕೋಟು ಹಾಕಿಕೊಂಡೇ ಮಾತು ಹೇಳಿದರು. ನನ್ನ ಗೂಡಂತೂ ಐಸ್ ಪೆಟ್ಟಿಗೆ. ಎಲೆಕ್ಟ್ರಿಕ್ ರೈಲು ಓಡುತ್ತಿದ್ದ ಕಾಲದಲ್ಲಿ ನಮ್ಮ ಥಿಯೇಟರ್ ಅದರ ಡಿಪೋ ಆಗಿತ್ತು, ಟಿಕೆಟ್ ಕೊಡುವವನು ಕೂರುತ್ತಿದ್ದ ಜಾಗ ಅದು. ಕಿಟಕಿಯ ಹಿತ್ತಾಳೆ ಸರಳುಗಳು ಹಾಗೇ ಇವೆ. ಸರಳಿನ ಆಚೆ ರಂಗ. ಈಚೆ ನಾನು, ನಾಟಕದ ಪುಸ್ತಕ, ಒಂದು ಪುಟ್ಟ ದೀಪ. ನಟರು ಮಾತು ಮರೆತರೆ ‘ಸಾಲು’ ಅನ್ನುತ್ತಾರೆ, ನಾನು ಸಾಲು ಕೊಡುತ್ತೇನೆ. ಕೇಳದೆ ಕೊಡಬಾರದು. ಇಪ್ಪತ್ತೈದು ವರ್ಷದಿಂದ ಇಷ್ಟೇ ಕೆಲಸ.

ನಿನ್ನೆ ಮೆರ್ಲ್ ಹನ್ನೊಂದು ಸಲ ಕೇಳಿದ.

ಮೊದಲ ವಾರ ಎಲ್ಲರೂ ಕೇಳುತ್ತಾರೆ, ಅದೇನು ದೊಡ್ಡದಲ್ಲ. ಆದರೆ ಮೆರ್ಲ್ ಕೇಳುವವನಲ್ಲ. ಪುಸ್ತಕ ಕೈಗೆ ಬಂದ ವಾರದಲ್ಲೇ ಬಾಯಿಪಾಠ ಮಾಡಿ, ಉಳಿದವರ ತಪ್ಪು ತಿದ್ದುತ್ತಾ ಓಡಾಡುವ ಆಸಾಮಿ.

ಇವತ್ತು ಹೀಟರ್ ರಿಪೇರಿಯವನಿಗೆ ಫೋನ್ ಮಾಡಬೇಕು. ಯಾರೂ ಮಾಡಿರುವುದಿಲ್ಲ, ಗೊತ್ತು.

ಅಕ್ಟೋಬರ್ 5, ಶುಕ್ರವಾರ

ಜೋಸ್ಲಿನ್ ನಿರ್ದೇಶನದ ಮೊದಲ ನಾಟಕ ಇದು. ಹೈಸ್ಕೂಲಿನಲ್ಲಿ ಇಂಗ್ಲಿಷ್ ಹೇಳಿಕೊಡುತ್ತಾಳೆ. ನಾಲ್ಕನೇ ಕ್ಲಾಸಿನಲ್ಲಿ ನನ್ನ ಶಿಷ್ಯೆ. ಈಗಲೂ ನನ್ನನ್ನು ಮಿಸೆಸ್ ಹೋವ್ಲಂಡ್ ಅಂತಲೇ ಕರೆಯುತ್ತಾಳೆ. ಮಿಸ್ಟರ್ ಹೋವ್ಲಂಡ್ ಅಂದರೆ ಮೆರ್ಲ್. ಡೈವೋರ್ಸ್ ಆಗಿ ಇಪ್ಪತ್ತೊಂದು ವರ್ಷವಾಯಿತು. ಮನೆ ನನಗೆ ಬಂತು, ಕಾರು ಅವನಿಗೆ. ಥಿಯೇಟರನ್ನು ಮಾತ್ರ ಇಬ್ಬರೂ ಬಿಟ್ಟುಕೊಡಲಿಲ್ಲ. ಊರಿಗೆಲ್ಲ ಅದೊಂದು ತಮಾಷೆ.

ಮೆರ್ಲ್ ಕೆಟ್ಟವನಲ್ಲ. ಯಾವ ಜಗಳದಲ್ಲೂ ಕೊನೆಯ ಮಾತು ತನ್ನದೇ ಆಗಬೇಕು, ಅಷ್ಟೇ. ಇಪ್ಪತ್ತೊಂಬತ್ತು ವರ್ಷ ಸಂಸಾರ ಮಾಡಿ ಒಂದು ಸಲವೂ ನನಗೆ ಕೊನೆಯ ಮಾತು ಸಿಗಲಿಲ್ಲ. ಸಾಲದ್ದಕ್ಕೆ ಈ ಗೂಡಿನಲ್ಲಿ ಕೂತು ಅವನಿಗೆ ಮಾತು ಕೊಡುವ ಕೆಲಸ ಹಿಡಿದೆ. ಹಣೆಬರಹ.

ಈ ಸಲದ ಪಾತ್ರ ಹಳ್ಳಿಯೊಂದರ ಮುದಿ ಡಾಕ್ಟರ್. ಒಬ್ಬ ವಿಧವೆಯ ಮನೆಗೆ ಬಂದು, ನಿನ್ನ ಗಂಡ ಸತ್ತದ್ದು ನನ್ನ ತಪ್ಪಿನಿಂದ ಎಂದು ಒಪ್ಪಿಕೊಳ್ಳುತ್ತಾನೆ. ಎರಡನೇ ಅಂಕದಲ್ಲಿ ಒಂದೂವರೆ ಪುಟದ ಮಾತು, ಅವನೊಬ್ಬನದೇ. ನಿನ್ನೆ ಅದರ ಅರ್ಧಕ್ಕೆ ನಿಂತು ನೆಲದ ಬೋಲ್ಟನ್ನೇ ನೋಡುತ್ತಿದ್ದ. ರಂಗ ಇರುವ ಜಾಗದಲ್ಲಿ ಹಿಂದೆ ಕರೆಂಟಿನ ದೊಡ್ಡ ಯಂತ್ರ ಕೂತಿತ್ತು. ಅದರ ಬೋಲ್ಟುಗಳು ಕಾಂಕ್ರೀಟಿನಿಂದ ಇನ್ನೂ ಬಂದಿಲ್ಲ. ಹೊಸಬರೆಲ್ಲ ಎಡವುತ್ತಾರೆ. ಮೆರ್ಲ್ ಯಾವತ್ತೂ ಎಡವಿದವನಲ್ಲ. ನಿನ್ನೆ ಎಡವಿದ.

ಅಕ್ಟೋಬರ್ 9

ಕೊಯ್ಲಿನ ಕಾಲ. ಗೂಡ್ಸ್ ಗಾಡಿಗಳು ಉದ್ದವಾಗುತ್ತಿವೆ. ನಮ್ಮ ಎಲೆಕ್ಟ್ರಿಕ್ ರೈಲಿನ ಕಂಬಿ ಕಿತ್ತು ನಲವತ್ತು ವರ್ಷ ದಾಟಿತು. ಪಕ್ಕದ ದೊಡ್ಡ ಲೈನು ಮಾತ್ರ ಗೋಡೆಯಿಂದ ಮೂವತ್ತಡಿಯಲ್ಲಿ ಹಾಗೇ ಇದೆ. ರಾತ್ರಿ ಎಂಟರ ಹೊತ್ತಿಗೆ ಒಂದು, ಭಾನುವಾರ ಮಧ್ಯಾಹ್ನ ಮೂರರ ಸುಮಾರಿಗೆ ಒಂದು. ಅದು ಹಾಯುವಾಗ ಪಕ್ಕದವರ ಮಾತೂ ಕೇಳಿಸುವುದಿಲ್ಲ. ಅದಕ್ಕೇ ನಮ್ಮ ಕಟ್ಟಳೆ — ಗಾಡಿ ಬಂದರೆ ಎಲ್ಲರೂ ಇದ್ದಲ್ಲೇ ಕಲ್ಲು. ಕೈ ಎತ್ತಿದವನದು ಎತ್ತಿದಂತೆಯೇ. ಗಾಡಿ ಹೋದ ಮೇಲೆ, ಯಾರ ಮಾತು ತುಂಡಾಗಿತ್ತೋ ಅವರೇ ಮತ್ತೆ ಶುರು ಮಾಡಬೇಕು. ಬೇರೆಯವರು ಬೆರಳೂ ಆಡಿಸುವಂತಿಲ್ಲ. ಪ್ರೇಕ್ಷಕರಿಗೆ ಅದೇ ಇಷ್ಟ. ಬೋಗಿ ಎಣಿಸುತ್ತಾರೆ.

ಇವತ್ತು ಗಾಡಿ ಬಂದದ್ದು ಮೆರ್ಲ್‌ನ ಮಾತಿನ ನಡುವೆ. ಹೋಯಿತು. ವಿಧವೆಯ ಪಾತ್ರದ ನೊರೀನ್ ಕಪ್ಪು ಎತ್ತಿ ಹಿಡಿದೇ ಇದ್ದಳು. ಎಲ್ಲರೂ ಕಾದೆವು. ಮೆರ್ಲ್ ಶುರು ಮಾಡಲಿಲ್ಲ.

“ಮೆರ್ಲ್, ಗಾಡಿ ಹೋಯ್ತು,” ಅಂದಳು ಜೋಸ್ಲಿನ್.

“ಗೊತ್ತಮ್ಮ. ಸುಮ್ಮನಿದ್ರೆ ಎಷ್ಟು ಹೊತ್ತು ಕಾಯ್ತೀರಿ ಅಂತ ನೋಡ್ದೆ.”

ಎಲ್ಲರೂ ನಕ್ಕರು. ನಾನು ನಗಲಿಲ್ಲ. ಅವನ ಕಣ್ಣು ನೇರ ನನ್ನ ಕಿಟಕಿಯ ಮೇಲಿತ್ತು. ಆ ನೋಟವನ್ನು ನಾನು ಮೊದಲು ಕಂಡಿರಲಿಲ್ಲ.

ಅಕ್ಟೋಬರ್ 14, ಭಾನುವಾರ

ಚರ್ಚ್ ಮುಗಿಸಿ ಬಂದರೆ ಮೆಟ್ಟಿಲ ಮೇಲೆ ಮೆರ್ಲ್. ಕೈಯಲ್ಲಿ ಅಂಗಡಿಯ ಆಪಲ್ ಪೈ. ಡೈವೋರ್ಸ್ ಆದ ಮೇಲೆ ಈ ಮನೆಯೊಳಗೆ ಬಂದದ್ದು ಎರಡೇ ಸಲ, ಎರಡೂ ಸಲ ಪೈಪು ಒಡೆದಾಗ.

“ಲಿಯೋನಾ, ತಲೇಲಿ ನಿಲ್ತಾ ಇಲ್ಲ ಕಣೆ,” ಅಂದ. ಪೀಠಿಕೆ ಇಲ್ಲ.

“ಡಾಕ್ಟರ್ ಹತ್ರ ಹೋಗಿದ್ಯಾ?”

“ಹೋಗಿದ್ದೆ. ಅವನು ಹೇಳಿದ್ದೂ ಸರಿಯಾಗಿ ನೆನಪಿಲ್ಲ.” ನಕ್ಕ. ಆಮೇಲೆ ನಗಲಿಲ್ಲ. “ಇದೊಂದು ನಾಟಕ ಮಾಡಿಬಿಡ್ತೀನಿ. ಆರು ಆಟ. ಆಮೇಲೆ ನಾನಾಗೇ ಬಿಡ್ತೀನಿ. ಯಾರೂ ನನ್ನ ತೆಗೆದುಹಾಕಬಾರದು. ಆ ಹುಡುಗಿಗೆ ಹೇಳ್ಬೇಡ.”

ಹೇಳುವುದಿಲ್ಲ ಅಂದೆ. ಯಾಕೆ ಅಂದೆನೋ. ದಣಿವಿರಬೇಕು. ಜಗಳವಾಡಲು ಶಕ್ತಿ ಬೇಕು, ಒಪ್ಪಿಕೊಳ್ಳಲು ಬೇಡ.

ಪೈ ತಿನ್ನುತ್ತಾ ಕೂತೆವು. ಹಳೇ ಮಾತು ಬಂತು. ಅವನು ಎಲೆಕ್ಟ್ರಿಕ್ ರೈಲಿನಲ್ಲಿ ಹನ್ನೊಂದು ವರ್ಷ ಕಂಡಕ್ಟರ್. ನಾನು ಟೀಚರ್ ಆಗಿ ದಿನಾ ಹತ್ತುತ್ತಿದ್ದವಳು, ಪರಿಚಯವಾದದ್ದು ಅಲ್ಲೇ. ಸುಮ್ಮನೆ ಕೇಳಿದೆ, ಡಿಪೋ ಬಿಟ್ಟ ಮೇಲೆ ಮೊದಲ ಸ್ಟಾಪ್ ಯಾವುದು ಅಂತ. ಕಣ್ಣು ಮುಚ್ಚಿ ಶುರು ಮಾಡಿದ. ಇಟ್ಟಿಗೆ ಭಟ್ಟಿ, ಹಾಲಿನ ಡೈರಿ, ಅನಾಥಾಲಯ, ಲಾರ್ಸನ್ ಗೇಟು, ಕಲ್ಲುಗಣಿ, ಸ್ಮಶಾನದ ತಿರುವು... ಹದಿನಾಲ್ಕು ಸ್ಟಾಪು. ಒಂದೂ ತಪ್ಪಲಿಲ್ಲ. ಹಿಂದಿನಿಂದ ಮುಂದಕ್ಕೂ ಹೇಳಿದ.

ಆಗ ಹೊಳೆಯಿತು. ಆ ಒಂದೂವರೆ ಪುಟವನ್ನು ಹದಿನಾಲ್ಕು ತುಂಡು ಮಾಡಿದೆ. ತುಂಡಿಗೊಂದು ಸ್ಟಾಪು. ಇಟ್ಟಿಗೆ ಭಟ್ಟಿ ಅಂದರೆ ‘ಅವತ್ತು ಹಿಮ ಬೀಳ್ತಿತ್ತು’. ಅನಾಥಾಲಯ ಅಂದರೆ ‘ಬಾಗಿಲು ತಟ್ಟಿದ್ದು ನನಗೆ ಕೇಳಿಸಿತ್ತು’. ಲಾರ್ಸನ್ ಗೇಟು ಅಂದರೆ ‘ನಾನು ಏಳಲಿಲ್ಲ’. ಮೂರು ಗಂಟೆ ಕೂತೆವು. ಕೊನೆಗೆ ಡಿಪೋದಿಂದ ಕೊನೆಯ ಸ್ಟಾಪ್‌ವರೆಗೆ ಒಂದೇ ಉಸಿರಿಗೆ ಹೋದ.

ಹೊರಟಾಗ ಕಿವಿ ತನಕ ನಗು. ಇಪ್ಪತ್ತೊಂದು ವರ್ಷದ ಹಿಂದೆ ಹೀಗೆ ಮೂರು ಗಂಟೆ ಒಟ್ಟಿಗೆ ಕೂತಿದ್ದರೆ ಅಂತ ಅನ್ನಿಸಿತು. ಅನ್ನಿಸಿದ್ದನ್ನು ಬರೆದದ್ದಾಯಿತು, ಸಾಕು.

ಅಕ್ಟೋಬರ್ 19

ಕೆಲಸ ಮಾಡುತ್ತಿದೆ. ಅವನು ತಡೆದರೆ ನಾನು ಸರಳಿನ ಸಂದಿಯಿಂದ ‘ಕಲ್ಲುಗಣಿ’ ಎಂದು ಪಿಸುಗುಟ್ಟುತ್ತೇನೆ. ಅವನು ಡಾಕ್ಟರನ ಮಾತು ಹಿಡಿದು ಮುಂದೆ ಹೋಗುತ್ತಾನೆ. ಬೇರೆ ಯಾರಿಗೂ ಕೇಳುವುದಿಲ್ಲ, ಕೇಳಿದರೂ ತಿಳಿಯುವುದಿಲ್ಲ.

ಜೋಸ್ಲಿನ್ ಇವತ್ತು ಗೂಡಿಗೆ ಬಂದಳು. ನಿಂತೇ ಇದ್ದಳು, ಶಿಷ್ಯೆಯ ಹಾಗೆ.

“ಮಿಸೆಸ್ ಹೋವ್ಲಂಡ್, ನೇರವಾಗಿ ಕೇಳ್ತೀನಿ. ಮೆರ್ಲ್ ಆರೂ ಆಟ ನಿಭಾಯಿಸ್ತಾರಾ? ಇಲ್ಲಾಂದ್ರೆ ಈಗ್ಲೇ ಡ್ವೇನ್‌ಗೆ ಪಾತ್ರ ಕೊಡ್ಬೇಕು, ಅವನಿಗೂ ಎರಡು ವಾರ ಬೇಕಲ್ಲ. ಪುಸ್ತಕ ನಿಮ್ಮ ಕೈಲಿದೆ. ನೀವು ಹೇಳಿದ್ದೇ ಕೊನೆ.”

ಡ್ವೇನ್ ಹಾರ್ಡ್‌ವೇರ್ ಅಂಗಡಿಯವನು. ಪರದೆ ಎಳೆಯುತ್ತಾನೆ, ಪೋಸ್ಟ್‌ಮ್ಯಾನ್ ಪಾತ್ರವೂ ಅವನದೇ.

“ನಿಭಾಯಿಸ್ತಾನೆ,” ಅಂದೆ.

“ಖಂಡಿತ?”

“ಇಪ್ಪತ್ತೈದು ವರ್ಷದಿಂದ ನೋಡ್ತಿದ್ದೀನಿ.”

ಅದು ಉತ್ತರವಾಗಲಿಲ್ಲ. ಅವಳು ಉತ್ತರ ಅಂದುಕೊಂಡು ಹೋದಳು. ಶಾಲೆಯಲ್ಲಿ ಇಂಥ ಉತ್ತರ ಕೊಟ್ಟವರಿಗೆ ನಾನು ಸೊನ್ನೆ ಹಾಕುತ್ತಿದ್ದೆ.

ನವೆಂಬರ್ 1, ಗುರುವಾರ

ಹದಿಮೂರು ದಿನ ಏನೂ ಬರೆದಿಲ್ಲ. ದಿನಾ ಬೆಳಿಗ್ಗೆ ಅವನು ಬರುವುದು, ಹದಿನಾಲ್ಕು ಸ್ಟಾಪು, ಆಮೇಲೆ ಉಳಿದ ಪುಟಗಳು. ಸಂಜೆ ರಿಹರ್ಸಲ್. ಪಾತ್ರೆ ಸಿಂಕ್‌ನಲ್ಲೇ ಬಿದ್ದಿವೆ. ನನಗೆ ಎಪ್ಪತ್ತೆರಡು, ಅವನಿಗೆ ಎಪ್ಪತ್ತೈದು. ಯಾರಾದರೂ ನೋಡಿದರೆ ಹೊಸ ಜೋಡಿ ಅಂದುಕೊಳ್ಳಬೇಕು.

ನಿನ್ನೆಯ ಗ್ರ್ಯಾಂಡ್ ರಿಹರ್ಸಲ್ ಸುಸೂತ್ರ. ನಾಲ್ಕೇ ಪಿಸುಮಾತು. ಒಂದು ವಿಷಯ ಮಾತ್ರ ಇಷ್ಟವಾಗಲಿಲ್ಲ. ಬಟ್ಟೆ ಬದಲಿಸುವ ಕೋಣೆಯಲ್ಲಿ ಏಳನೇ ನಂಬರಿನ ಗೂಟವಿದೆ, ಕಂಡಕ್ಟರ್ ಆಗಿದ್ದಾಗ ಅವನು ಟೊಪ್ಪಿ ಹಾಕುತ್ತಿದ್ದ ಗೂಟ. ನಿನ್ನೆ ಅದರ ಕೆಳಗೆ ನಿಂತು ಹುಡುಕುತ್ತಿದ್ದ.

“ಏನ್ ಬೇಕು?”

“ನನ್ನ ಟಿಕೆಟ್ ಪಂಚ್ ಯಾರೋ ತಗೊಂಡ್ಹೋಗಿದ್ದಾರೆ.”

ಆಮೇಲೆ ತಾನೇ ತಲೆ ಅಲ್ಲಾಡಿಸಿ ಡಾಕ್ಟರನ ಕೋಟು ಹಾಕಿಕೊಂಡ. ನಾನೂ ಏನೂ ಕೇಳದವಳಂತೆ ಗುಂಡಿ ಹಾಕಿಕೊಟ್ಟೆ. ಜೋಸ್ಲಿನ್‌ಗೆ ಹೇಳಬೇಕಿತ್ತು. ಹೇಳಲಿಲ್ಲ.

ನವೆಂಬರ್ 3, ಶನಿವಾರ, ಬೆಳಿಗ್ಗೆ

ನಿನ್ನೆ ಮೊದಲ ಆಟ. ಎಂಬತ್ತೆರಡು ಸೀಟು, ಅರುವತ್ತರಷ್ಟು ಜನ. ಗಾಡಿ ಮೊದಲ ಅಂಕದಲ್ಲೇ ಬಂದು ಹೋಯಿತು, ದೇವರು ದೊಡ್ಡವನು. ಮೆರ್ಲ್ ಅದ್ಭುತ. ‘ನಾನು ಏಳಲಿಲ್ಲ’ ಅಂದಾಗ ಸಭೆಯಲ್ಲಿ ಒಬ್ಬರೂ ಕೆಮ್ಮಲಿಲ್ಲ. ಮೂರು ಪಿಸುಮಾತು, ಅಷ್ಟೇ. ನನಗೆ ಹೆಮ್ಮೆಯಾಯಿತು. ಯಾರ ಬಗ್ಗೆ ಅಂತ ಸರಿಯಾಗಿ ಗೊತ್ತಿಲ್ಲ.

ಬೆನ್ನು ಮುರಿದುಹೋಗಿದೆ.

ನವೆಂಬರ್ 4, ಭಾನುವಾರ, ಸಂಜೆ 6

ನಡೆದ ಹಾಗೇ ಬರೆಯುತ್ತೇನೆ.

ಮಧ್ಯಾಹ್ನದ ಆಟಕ್ಕೆ ಬರುವವರೆಲ್ಲ ವಯಸ್ಸಾದವರು. ಮೊದಲ ಸಾಲಿನಲ್ಲಿ ಹೆನ್ರಿಯೆಟಾ ಬೋಮ್, ತೊಂಬತ್ತರ ಹತ್ತಿರ, ತೊಡೆಯ ಮೇಲೆ ಕೈಚೀಲ. ಎರಡನೇ ಅಂಕ. ಮೆರ್ಲ್ ಕುರ್ಚಿಯ ಪಕ್ಕ ನಿಂತು ಮಾತು ಶುರು ಮಾಡಿದ. ಎಲ್ಲೂ ತಡೆಯದೆ ಕಲ್ಲುಗಣಿ ದಾಟಿದ. ಆಗ ಗಾಡಿ ಬಂತು.

ಎಲ್ಲರೂ ಕಲ್ಲು. ನೊರೀನ್ ಕಪ್ಪು ಎತ್ತಿದ್ದಳು. ಜೋಳದ ಗಾಡಿ, ಮುಗಿಯುವುದೇ ಇಲ್ಲ. ಪ್ರೇಕ್ಷಕರ ತುಟಿಗಳು ಬೋಗಿ ಎಣಿಸುತ್ತಿದ್ದವು. ನಾನು ಕೊನೆಯ ಬೋಗಿಗೆ ಕಾದೆ. ಸದ್ದು ತಗ್ಗುತ್ತಿದ್ದಂತೆ ಸರಳಿಗೆ ಬಾಯಿಟ್ಟು ಮುಂದಿನ ಸ್ಟಾಪ್ ಕೊಟ್ಟೆ. “ಸ್ಮಶಾನದ ತಿರುವು.”

ಅವನು ‘ಸಾಲು’ ಅಂದಿರಲಿಲ್ಲ. ಕೇಳದೆಯೇ ಕೊಟ್ಟೆ.

ಮೆರ್ಲ್‌ನ ಬೆನ್ನು ನೆಟ್ಟಗಾಯಿತು. ಎಡಗೈ ತಲೆಯ ಮೇಲೆ ಹೋಗಿ ಇಲ್ಲದ ಹಗ್ಗವನ್ನು ಹಿಡಿಯಿತು.

“ಸ್ಮಶಾನದ ತಿರುವು... ಸ್ಮಶಾನದ ತಿರುವು. ಇಳಿಯೋರು ಮುಂದೆ ಬನ್ನಿ. ಮೆಟ್ಟಿಲು ಒದ್ದೆ ಇದೆ, ನಿಧಾನ ತಾಯಿ.”

ಇಪ್ಪತ್ತೈದು ವರ್ಷದವನ ದನಿ. ನನಗೆ ಆ ದನಿ ಗೊತ್ತು, ಅದನ್ನೇ ಮದುವೆಯಾಗಿದ್ದೆ. ಯಾರೋ ಹಿಂದಿನಿಂದ ನಕ್ಕರು. ಹೆನ್ರಿಯೆಟಾ ಬೋಮ್ ನಗಲಿಲ್ಲ. ಕೈಚೀಲ ಎತ್ತಿಕೊಂಡು ಎದ್ದು ನಿಂತಳು. ಗಂಡ ಸತ್ತ ಮೇಲೆ ಪ್ರತಿ ಭಾನುವಾರ ಹೂ ತೆಗೆದುಕೊಂಡು ಆ ಸ್ಟಾಪಿನಲ್ಲಿ ಇಳಿಯುತ್ತಿದ್ದವಳು. ಕಾಲು ಅಭ್ಯಾಸ ಮರೆತಿರಲಿಲ್ಲ. ಮೆರ್ಲ್ ರಂಗದಿಂದ ಇಳಿದು ಬಂದು ಅವಳ ಮೊಣಕೈ ಹಿಡಿದ. ಇಬ್ಬರೂ ಒಬ್ಬರನ್ನೊಬ್ಬರು ನೋಡುತ್ತಾ ನಿಂತರು. ಆಮೇಲೆ ಅವಳನ್ನು ಮೆಲ್ಲಗೆ ಸೀಟಿನಲ್ಲಿ ಕೂರಿಸಿ, ಮೇಲೆ ಹತ್ತಿ, ಉಳಿದ ಸ್ಟಾಪುಗಳನ್ನೆಲ್ಲ ಕೂಗಿದ. ಒಂದೊಂದಾಗಿ, ಕೊನೆಯವರೆಗೂ.

“ಕೊನೇ ಸ್ಟಾಪು. ಎಲ್ರೂ ಇಳೀಬೇಕು. ಸಾಮಾನು ಮರೀಬೇಡಿ.”

ನೊರೀನ್ ಕಪ್ಪು ಹಿಡಿದೇ ಇದ್ದಳು. ತುಂಡಾದ ಮಾತು ಡಾಕ್ಟರನದು, ಡಾಕ್ಟರ್ ಅದನ್ನಿನ್ನೂ ಎತ್ತಿಕೊಂಡಿಲ್ಲ, ಕಟ್ಟಳೆ ಪ್ರಕಾರ ಅವಳು ಅಲ್ಲಾಡುವಂತಿಲ್ಲ. ಕೆಲವರು ಚಪ್ಪಾಳೆ ತಟ್ಟಿದರು. ಕೆಲವರು ಅಳುತ್ತಿದ್ದರು. ಡ್ವೇನ್ ಪರದೆ ಎಳೆದ.

ಒಳಗೆ ಏಳನೇ ಗೂಟದ ಕೆಳಗೆ ಕೂತು ಕೇಳಿದ, “ಹೇಗಿತ್ತು?”

“ಚೆನ್ನಾಗಿತ್ತು,” ಅಂದೆ. ಇನ್ನೊಂದು ಸುಳ್ಳು. ಸುಳ್ಳೂ ಅಲ್ಲ.

ಮಾತು ನೆನಪಾಗಲಿ ಅಂತ ನಾನೇ ಅವನನ್ನು ಆ ರೈಲು ಹತ್ತಿಸಿದೆ. ಇಳಿಸುವುದು ಹೇಗೆ ಅಂತ ಯೋಚಿಸಲೇ ಇಲ್ಲ. ನಾಚಿಕೆಯಾಗುತ್ತಿದೆ.

ನವೆಂಬರ್ 7, ಬುಧವಾರ

ನಿನ್ನೆ ಹೋಗಿ ಮತ ಹಾಕಿ ಬಂದೆ. ಕ್ಯೂನಲ್ಲಿ ಎಲ್ಲರೂ ಮೆರ್ಲ್ ವಿಷಯ ಕೇಳಿದರು. ಒಳ್ಳೆಯ ಮನಸ್ಸಿನಿಂದಲೇ. ಅದೇ ಹೆಚ್ಚು ಕಷ್ಟ.

ಇವತ್ತು ಜೋಸ್ಲಿನ್ ಮನೆಗೆ ಬಂದಳು. ಈ ಸಲ ಕೂತಳು.

“ನಿಮಗೆ ಗೊತ್ತಿತ್ತಾ?”

“ಗೊತ್ತಿತ್ತು.”

“ನಾಲ್ಕನೇ ಕ್ಲಾಸಲ್ಲಿ ಸುಳ್ಳು ಹೇಳ್ದೆ ಅಂತ ನನ್ನನ್ನ ಒಂದು ವಾರ ಆಟಕ್ಕೆ ಬಿಟ್ಟಿರ್ಲಿಲ್ಲ ನೀವು.”

“ನೆನಪಿದೆ.”

“ಜನರೆದುರು ಹಾಗಾಯ್ತು ಅಂತ ನಂಗೆ ಬೇಜಾರಿಲ್ಲ. ನೀವೊಂದು ಮಾತು ಹೇಳಿದ್ರೆ ಅವರಿಗೆ ಪೋಸ್ಟ್‌ಮ್ಯಾನ್ ಪಾತ್ರ ಕೊಡ್ತಿದ್ದೆ, ನಾಲ್ಕು ಸಾಲು. ಮರ್ಯಾದೆಯಾಗಿ ಮುಗಿಸ್ತಿದ್ರು.”

ಅದು ನನಗೆ ಹೊಳೆದೇ ಇರಲಿಲ್ಲ. ನಿಜ ಹೇಳಬೇಕೆಂದರೆ, ಆ ಬೆಳಗುಗಳು ನನಗೂ ಬೇಕಿದ್ದವು. ಅವನಿಗಾಗಿ ಅಂದುಕೊಂಡು ಮಾಡಿದ್ದರಲ್ಲಿ ಅರ್ಧ ನನಗಾಗಿ.

ಶುಕ್ರವಾರದಿಂದ ಡ್ವೇನ್ ಪುಸ್ತಕ ಕೈಯಲ್ಲಿ ಹಿಡಿದೇ ಡಾಕ್ಟರ್ ಆಗುತ್ತಾನೆ. ಮೆರ್ಲ್‌ಗೆ ತಾನು ಹೇಳುತ್ತೇನೆ ಅಂದಳು. ಬೇಡ, ನಾನೇ ಹೇಳುತ್ತೇನೆ ಅಂದೆ.

ನವೆಂಬರ್ 8, ಗುರುವಾರ, ಮಧ್ಯಾಹ್ನ

ಹೋಗಿ ಬಂದೆ.

ಏನು ಹೇಳಬೇಕೆಂದು ಒಂದು ಲಕೋಟೆಯ ಹಿಂದೆ ಬರೆದುಕೊಂಡಿದ್ದೆ. ಐದು ವಾಕ್ಯ. ದಾರಿಯುದ್ದಕ್ಕೂ ಬಾಯಿಪಾಠ. ಲಕೋಟೆ ಕಾರಿನಲ್ಲೇ ಉಳಿಯಿತು.

ಅವನ ಅಡುಗೆಮನೆ ಅಚ್ಚುಕಟ್ಟು. ಅಲ್ಲಲ್ಲಿ ಚೀಟಿ. ಒಲೆಯ ಮೇಲೆ ‘ಆರಿಸು’. ಬಾಗಿಲ ಮೇಲೆ ‘ಬೀಗದ ಕೈ’. ಫೋನಿನ ಪಕ್ಕ ನನ್ನ ನಂಬರು, ದಪ್ಪ ಅಕ್ಷರದಲ್ಲಿ. ಕಾಫಿ ಕೊಟ್ಟ. ಡಬ್ಬಿಯ ಪೀಚ್ ಹಣ್ಣನ್ನು ಎರಡು ಬಟ್ಟಲಿಗೆ ಹಾಕಿದ. ಎದುರು ಕೂತ.

“ಮೆರ್ಲ್,” ಅಂದೆ.

ಮುಂದಿನದು ಬರಲಿಲ್ಲ. ಐದರಲ್ಲಿ ಒಂದೂ ಇಲ್ಲ. ಜೀವನವಿಡೀ ಬೇರೆಯವರಿಗೆ ಸಾಲು ಕೊಟ್ಟವಳು ಬಾಯಿ ತೆರೆದುಕೊಂಡು ಕೂತಿದ್ದೆ. ಅವನು ಕಾದ. ನನ್ನ ಮಾತು ಮುಗಿಯುವ ತನಕ ಯಾವತ್ತೂ ಕಾಯದವನು ಕಾದ.

ಆಮೇಲೆ ಮೆಲ್ಲಗೆ ಕೇಳಿದ, “ಸಾಲು ಕೊಡಲಾ?”

ತಲೆಯಾಡಿಸಿದೆ.

“‘ಮೆರ್ಲ್, ನಾಳೆಯಿಂದ ನೀನು ರಂಗಕ್ಕೆ ಬರೋದು ಬೇಡ.’ ಇದೇ ತಾನೇ?”

“ಇದೇ.”

“ಹೂಂ. ನೀನೇ ಹೇಳು ಈಗ. ನಿನ್ನ ಬಾಯಲ್ಲಿ ಕೇಳ್ಬೇಕು.”

ಹೇಳಿದೆ. ಅವನು ಕೊಟ್ಟ ಹಾಗೆಯೇ, ಒಂದಕ್ಷರ ಬಿಡದೆ. ಆಮೇಲೆ ಅತ್ತೆ. ಇಲ್ಲಿ ಬರೆಯಲು ನಾಚಿಕೆ ಯಾಕೆ, ಮೂಗು ಸೋರುವಷ್ಟು ಅತ್ತೆ. ಅವನು ಪೀಚ್ ಬಟ್ಟಲು ನನ್ನ ಕಡೆ ತಳ್ಳಿದ.

“ಭಾನುವಾರ ಆದದ್ದು ನಂಗೆ ಗೊತ್ತು ಲಿಯೋನಾ. ಆ ಮುದುಕಿ ಮೊಣಕೈ ಹಿಡಿದೆ ನೋಡು, ಆವಾಗಲೇ ಎಚ್ಚರ ಆಯ್ತು. ಎಲ್ಲಿದ್ದೀನಿ, ಏನ್ ಮಾಡ್ತಿದ್ದೀನಿ, ಎಲ್ಲಾ.”

“ಮತ್ತೆ ಮೇಲೆ ಹೋಗಿ ಯಾಕೆ ಮುಂದುವರಿಸ್ದೆ?”

“ಡಾಕ್ಟರ್ ಮಾತು ಒಂದೂ ತಲೇಲಿ ಇರ್ಲಿಲ್ಲ. ಇದಿತ್ತು. ಅಲ್ದೆ ಅಷ್ಟು ಜನ ಗಾಡೀಲಿ ಕೂತಿದ್ರು. ಅರ್ಧ ದಾರೀಲಿ ಬಿಟ್ಟು ಹೋಗೋಕಾಗತ್ತಾ?”

ಕೊನೆಯ ಮಾತು ಮತ್ತೆ ಅವನದೇ ಆಯಿತು. ಇದೊಂದು ಸಲ ಇರಲಿ ಅನ್ನಿಸಿತು.

ನವೆಂಬರ್ 9, ಶುಕ್ರವಾರ, ಸಂಜೆ 5.30

ಅವನು ಫೋನ್ ಮಾಡಿದ್ದ. “ಡ್ವೇನ್‌ಗೆ ಪುಸ್ತಕ ಕೊಟ್ರೆ ನಿನ್ ಹತ್ರ ಏನಿರತ್ತೆ?” ಇನ್ನೊಂದು ಪ್ರತಿ ಇದೆ ಅಂದೆ. “ನನ್ನ ಕಣ್ಣು ಇನ್ನೂ ಸರಿ ಇದೆ. ನಿಂದು ಕತ್ತಲೇಲಿ ಆಗಲ್ಲ. ನಾನು ಪುಟ ಹಿಡ್ಕೋತೀನಿ, ನೀನು ಪಿಸುಗುಡು.”

“ಗೂಡಲ್ಲಿ ಒಂದೇ ಕುರ್ಚಿ ಇರೋದು ಮೆರ್ಲ್.”

“ಹನ್ನೊಂದು ವರ್ಷ ನಿಂತೇ ಕೆಲಸ ಮಾಡ್ದೋನು ನಾನು.”

ಅವನಿಗೇನು, ಹೇಳುತ್ತಾನೆ. ಎಪ್ಪತ್ತೈದರ ಕಾಲು. ಎರಡು ಗಂಟೆ ನಿಲ್ಲುವುದು ಹೇಗೆ. ಅಡುಗೆಮನೆಯ ಪುಟ್ಟ ಕುರ್ಚಿ ಕಾರಿನ ಹಿಂದೆ ಹಿಡಿಯುತ್ತದೆಯೋ ನೋಡಬೇಕು. ಮೆತ್ತೆಯೂ ಒಂದು. ಗಾಡಿ ಬಂದಾಗ ಅವನೇನಾದರೂ ಕೂಗಿಬಿಟ್ಟರೆ... ಕೂಗಲಿ. ಕೈ ಹಿಡಿದುಕೊಂಡಿರುತ್ತೇನೆ.

ಹಾರ್ನ್. ಬಂದೇಬಿಟ್ಟ, ಅರ್ಧ ಗಂಟೆ ಮುಂಚೆಯೇ. ತಲೆಯ ಮೇಲೆ ಅದೇ ಹಳೇ ಕಂಡಕ್ಟರ್ ಟೊಪ್ಪಿ. ಕನ್ನಡಕ ತೆಗೆದುಕೊಂಡೆ. ಕುರ್ಚಿ ಹೊರಗಿಟ್ಟು ಬಾಗಿಲು ಹಾಕಬೇಕು.